ಚಿಕ್ಕಮಾವನ ಬೆನ್ನ ರೆಕ್ಕೆ

ನಮ್ಮ ಚಿಕ್ಕಮಾವ ಯಾರ ಮುಖವನ್ನೂ ನೋಡುವವರಲ್ಲ. ಹಾಗಂತ ಅವರಿಗೆ ಗರ್ವವೆಂದೋ ನಾಚಿಕೆಯೆಂದೋ ತಿಳಿಯಬೇಡಿ. ಅವರು ಬೆನ್ನು ನೋಡುವವರು! ಮದುವೆಯಾಗಿ ಮೈಸೂರಿನಿಂದ ನವಿ ಮುಂಬಯಿಯ ಸಾನಪಾಡಾದ ಈ ಮನೆಗೆ ಬಂದ ದಿನ, ನಾನು ಅವರ ಕಾಲಿಗೆ ನಮಸ್ಕರಿಸಲು ಬಗ್ಗಿದರೆ, ಆಶೀರ್ವಾದಕ್ಕೂ ಮೊದಲು, "ಹ್ಞಾಂ, ಡಾಲ್ಫಿನ್. ಒಳ್ಳೇದಾಯ್ತು" ಎಂದರು. ಕಾನ್ವೆಂಟಿನ ಅಭ್ಯಾಸಬಲ, "ಥ್ಯಾಂಕ್ಯೂ" ಎಂದುಬಿಟ್ಟೆ. ಬೇರೇನು ಹೇಳಬಹುದಿತ್ತು, ನೀವೇ ಹೇಳಿ?

ಚಿಕ್ಕಮಾವ ಎಂದರೆ ನನ್ನ ಮಾವನವರ ಕಿರಿಯ ತಮ್ಮ. ಮದುವೆ ಗಿದುವೆ ಮಾಡಿಕೊಳ್ಳದೆ, ವಾಗ್ಳೆ ಎಸ್ಟೇಟಿನ ಒಂದು ಕಾರ್ಖಾನೆಯಲ್ಲಿ ಲೆಕ್ಕ ಬರೆಯುತ್ತಾ, ಅಣ್ಣನ ಮನೆಯಲ್ಲೇ ಉಳಿದವರು. ಉಡುಪಿ ಕಡೆಯ ಮನೆತನ. ಹೋಟೆಲು ನಡೆಸಿದವರು, ಪೂಜೆ ಮಾಡಿದವರು ಇದ್ದಾರೆಯೇ ಹೊರತು ಆ ವಂಶದಲ್ಲಿ ಒಬ್ಬರೂ ಮೀನು ಮುಟ್ಟಿದವರಿಲ್ಲ. ಅಂಥ ಮನೆಯಲ್ಲಿ ಇವರೊಬ್ಬರಿಗೆ ಶಾರ್ಕು, ಡಾಲ್ಫಿನ್ನು, ತಿಮಿಂಗಿಲಗಳ ಹುಚ್ಚು. ಅದೂ ಇಡೀ ಪ್ರಾಣಿಯದಲ್ಲ. ಹಲ್ಲು ಬೇಡ, ಬಾಲ ಬೇಡ. ಬೆನ್ನಿನ ಮೇಲೆ ನೆಟ್ಟಗೆ ನಿಲ್ಲುವ ಆ ಒಂದು ರೆಕ್ಕೆ ಇದೆಯಲ್ಲ, ಅದು ಮಾತ್ರ.

ನನಗೆ ಲೋಕಲ್ ರೈಲು ಹತ್ತಲು ಕಲಿಸಿದ್ದೂ ಆ ರೆಕ್ಕೆಯಿಂದಲೇ. ಶಾರ್ಕಿನ ರೆಕ್ಕೆ ಗಟ್ಟಿ, ನೀರನ್ನು ಗೆರೆ ಎಳೆದ ಹಾಗೆ ಸೀಳಿಕೊಂಡು ಹೋಗುತ್ತದೆ. ಡಾಲ್ಫಿನ್ ಉಸಿರಿಗೆ ಮೇಲೆ ಬರಬೇಕು, ಹಾಗಾಗಿ ಅದರ ರೆಕ್ಕೆ ಏಳುತ್ತದೆ, ಮುಳುಗುತ್ತದೆ, ಮತ್ತೆ ಏಳುತ್ತದೆ. "ಪ್ಲಾಟ್‌ಫಾರ್ಮಿನಲ್ಲಿ ಮುಖ ನೋಡಬೇಡ ಮಾರಾಯ್ತಿ, ಎಲ್ಲರದ್ದೂ ಒಂದೇ ಹುಳಿ ಮುಖ. ಬೆನ್ನು ನೋಡು. ಸೆಟೆದು ಸೀದಾ ಹೋಗುವ ಬೆನ್ನಿನ ಹಿಂದೆ ನಿಂತರೆ ದಾರಿ ಸಿಗ್ತದೆ. ಏರಿಳಿಯುವ ಬೆನ್ನಿನ ಪಕ್ಕ ನಿಂತರೆ ಸೀಟು ಸಿಗ್ತದೆ." ನಂಬಿದರೆ ನಂಬಿ, ಬಿಟ್ಟರೆ ಬಿಡಿ. ಇಂದಿಗೂ ಲೇಡೀಸ್ ಡಬ್ಬಿಯಲ್ಲಿ ನನಗೆ ಸೀಟು ಸಿಗುವುದು ಹಾಗೆಯೇ.

ಭಾನುವಾರವಾದರೆ ಅವರಿಗೆ ವಾಶಿಯ ರೈಲು ಸೇತುವೆ. ಖಾಡಿ, ಅಂದರೆ ಒಳನಾಡಿಗೆ ಚಾಚಿದ ಸಮುದ್ರದ ತೋಳು, ಅದನ್ನು ದಾಟಿ ಮಾನಖುರ್ದಿನಲ್ಲಿ ಇಳಿಯುವುದು, ಅಲ್ಲಿಂದ ಮುಂದೆ ಎಲ್ಲಿಗೂ ಹೋಗದೆ ಅದೇ ಖಾಡಿ ದಾಟಿ ವಾಪಸು ಬರುವುದು. ಕೊರಳಲ್ಲಿ ದುರ್ಬೀನು. ಒಮ್ಮೆ ಗಣಪತಿ ವಿಸರ್ಜನೆಯ ಮರುದಿನ ನನ್ನನ್ನೂ ಕರೆದುಕೊಂಡು ಹೋಗಿದ್ದರು. ಸೇತುವೆಯ ನಡುವೆ ಗಾಡಿ ನಿಧಾನವಾಯಿತು. ಚಿಕ್ಕಮಾವ ಒಮ್ಮೆಲೇ "ರೆಕ್ಕೆ! ರೆಕ್ಕೆ!" ಎಂದು ಕೂಗಿದರು. ಇಸ್ಪೀಟು ಆಡುತ್ತಿದ್ದವರು ಎಲೆ ಬಿಟ್ಟು ಎದ್ದರು, ಮಲಗಿದ್ದವರು ಎಚ್ಚೆತ್ತರು, ಇಡೀ ಡಬ್ಬಿ ಬಾಗಿಲ ಕಡೆಗೆ ಬಂತು. ನೀರಿನಲ್ಲಿ ಏನೋ ಬೆಳ್ಳಗೆ, ತ್ರಿಕೋನಾಕಾರವಾಗಿ, ಗಂಭೀರವಾಗಿ ತೇಲುತ್ತಿತ್ತು. ಬಾಗಿಲ ಬಳಿಯ ಒಬ್ಬರು ಕಣ್ಣು ಕಿರಿದು ಮಾಡಿ ನೋಡಿ ಹೇಳಿದರು, "ಕಾಕಾ, ವೋ ಮಖರ್ ಹೈ."

ಗಣಪತಿಯನ್ನು ಕೂರಿಸಿದ್ದ ಥರ್ಮೋಕೋಲಿನ ಮಂಟಪದ ತುಂಡು.

ನಾನು ನಾಚಿಕೆಯಿಂದ ಸೆರಗಿನಲ್ಲಿ ಮುಖ ಮುಚ್ಚಿಕೊಂಡೆ. ಚಿಕ್ಕಮಾವನಿಗೆ ನಾಚಿಕೆ ಎಲ್ಲಿಯದು? "ಆದರೂ ಎಷ್ಟು ನೆಟ್ಟಗೆ ನಿಂತಿತ್ತು ನೋಡಿದೆಯಾ?" ಎಂದು ಮನೆ ತಲುಪುವವರೆಗೂ ಅದನ್ನೇ ಹೊಗಳಿದರು.

ಮೀನು ಮಾರುಕಟ್ಟೆಯ ಕಥೆ ಇನ್ನೊಂದು. ಆಫೀಸಿನಿಂದ ಬರುವಾಗ ಅಲ್ಲಿ ನಿಂತು ಮುಶಿಯ ಬೆನ್ನು ನೋಡುವುದು ಅವರ ರೂಢಿ. ಮುಶಿ ಎಂದರೆ ಇಲ್ಲಿಯವರು ಸಣ್ಣ ಶಾರ್ಕಿಗೆ ಇಟ್ಟ ಹೆಸರು. ಮಾರುವಾಕೆ ಎಷ್ಟು ದಿನ ಸಹಿಸಿಯಾಳು? "ಕಾಕಾ, ಘ್ಯಾಯ್ಚಂ ತರ್ ಘ್ಯಾ, ನಾಹೀತರ್ ಬಾಜೂಲಾ ವ್ಹಾ" ಎಂದು, ತೆಗೆದುಕೊಳ್ಳದಿದ್ದರೆ ಪಕ್ಕಕ್ಕೆ ಸರಿಯಲು ಹೇಳುತ್ತಿದ್ದಳಂತೆ. ಇವರು ಸರಿದು, ಪಕ್ಕದ ಬುಟ್ಟಿ ನೋಡುತ್ತಿದ್ದರಂತೆ. ನೋಡಿದವರು ಸುಮ್ಮನಿರುತ್ತಾರೆಯೇ? ಎದುರು ಬಿಲ್ಡಿಂಗಿನವರು ನಮ್ಮ ಅತ್ತೆಯವರ ಕಿವಿಗೆ ಹಾಕಿದರು. ಅಂದು ಸಂಜೆ ಅತ್ತೆ ಮೈದುನನ ಚೀಲವನ್ನು ಬಾಗಿಲಲ್ಲೇ ಇಸಿದುಕೊಂಡು ಮೂಸಿ ನೋಡಿದರು. ಒಳಗಿದ್ದದ್ದು ಖಾಲಿ ಟಿಫಿನ್ನು.

"ನಿನಗೆಂತ ಕೆಲಸ ಅಲ್ಲಿ?"

"ನೋಡ್ಲಿಕ್ಕೆ ಅತ್ತಿಗೆ."

"ತಿನ್ನುವುದಿಲ್ಲವಾ?"

"ಛೆ ಛೆ, ಪರಿಚಯದವರನ್ನು ತಿನ್ನುವುದುಂಟಾ?"

ಊಟಕ್ಕೆ ಕೂತರೂ ಅದೇ ಪಾಠ. ಒಂದು ಜಾತಿಯ ಮೀನಿಗೆ ಬೆನ್ನ ರೆಕ್ಕೆಯೇ ತಲೆಯ ಮೇಲಕ್ಕೆ ಸರಿದು, ಚಪ್ಪಟೆಯಾಗಿ, ಅಂಟುವ ಬಿಲ್ಲೆಯಾಗಿದೆಯಂತೆ. ಅದನ್ನು ಶಾರ್ಕಿನ ಹೊಟ್ಟೆಗೆ ಅಂಟಿಸಿಕೊಂಡು ಟಿಕೆಟ್ಟಿಲ್ಲದೆ ಸಮುದ್ರವೆಲ್ಲ ತಿರುಗುತ್ತದಂತೆ. "ಈ ಮನೆಯಲ್ಲಿ ನಾನಿದ್ದ ಹಾಗೆ" ಎಂದು ಅವರೇ ನಕ್ಕರು. "ಅದು ತರಕಾರಿ ತರುವುದಿಲ್ಲ, ನೀನು ತರ್ತಿ. ಸಾರು ಹಾಕಿಕೋ" ಎಂದರು ಅತ್ತೆ.

ಇನ್ನೊಂದು ದಿನ, ರೆಕ್ಕೆಯೇ ಇಲ್ಲದ ಒಂದು ಪ್ರಾಣಿಯ ವಿಷಯ ಬಂತು. ಡಾಲ್ಫಿನ್ನಿನ ದಾಯಾದಿಯಂತೆ, ನಮ್ಮ ಈ ಸಮುದ್ರದಲ್ಲೇ ಇದೆಯಂತೆ. ಬೆನ್ನು ಬೋಳು. ರೆಕ್ಕೆ ಇರಬೇಕಾದಲ್ಲಿ ಸಾಲಾಗಿ ಸಣ್ಣ ಸಣ್ಣ ಗುಳ್ಳೆ, ಅಷ್ಟೆ.

"ರೆಕ್ಕೆಯೇ ಇಲ್ಲದ್ದನ್ನು ಸೇತುವೆ ಮೇಲಿಂದ ಹೇಗೆ ಗುರುತು ಹಿಡಿಯುವುದು?" ಎಂದೆ.

"ಸೇತುವೆಯಿಂದ ಆಗುವುದಿಲ್ಲ. ಬಹಳ ಹತ್ತಿರ ಹೋಗಬೇಕು."

ಹೀಗೆ ನಗುತ್ತಾ ಇದ್ದ ಮನೆಯಲ್ಲಿ ನಗು ನಿಂತದ್ದು ನನ್ನ ಮಗಳ ಬೆನ್ನಿನಿಂದ.

ಅವಳು ಹೈಸ್ಕೂಲಿಗೆ ಕಾಲಿಡುವ ಹೊತ್ತು. ಜಡೆ ಹಾಕುವಾಗ ಅವಳ ಒಂದು ಭುಜ ಇನ್ನೊಂದಕ್ಕಿಂತ ಮೇಲಿದೆ ಎನ್ನಿಸಿತು. ಥಾಣೆ ಶಹರದ ಡಾಕ್ಟರು ಎಕ್ಸ್-ರೇಯನ್ನು ಬೆಳಕಿಗೆ ಹಿಡಿದು ತೋರಿಸಿದರು. ಬೆನ್ನುಮೂಳೆ ಒಂದು ಕಡೆಗೆ ಬಾಗಿತ್ತು. ಗಟ್ಟಿ ಪ್ಲಾಸ್ಟಿಕ್ಕಿನ ಕವಚ ಮಾಡಿಸಿ, ಸ್ನಾನದ ಹೊತ್ತು ಬಿಟ್ಟು ಸದಾ ಹಾಕಿರಬೇಕು, ಬೆಳವಣಿಗೆ ನಿಲ್ಲುವವರೆಗೂ. ಹಾಕದಿದ್ದರೆ ಬಾಗು ಹೆಚ್ಚುತ್ತದೆ, ಆಮೇಲೆ ಆಪರೇಷನ್ನೇ ಗತಿ ಎಂದರು.

ಕವಚ ಬಂತು. ಯೂನಿಫಾರ್ಮಿನ ಹಿಂದೆ ಅದರ ಅಂಚು ಉಬ್ಬಿ ಕಾಣುತ್ತಿತ್ತು. ಸ್ಕೂಲ್ ವ್ಯಾನಿನ ಮಕ್ಕಳು ಬೆನ್ನ ಮೇಲೆ ಟಕ್ ಟಕ್ ಎಂದು ಬಡಿದು, "ಅಂದರ್ ಕೌನ್ ಹೈ?" ಎಂದು ಕೇಳತೊಡಗಿದರು. ಒಂದು ಬೆಳಿಗ್ಗೆ ಬಟ್ಟೆ ಹಾಕಲು ಹೋದರೆ ಕವಚ ವಾಷಿಂಗ್ ಮಷೀನಿನೊಳಗೆ ಅಡಗಿ ಕೂತಿತ್ತು. "ಮಮ್ಮಿ, ಮೈ ನಹೀ ಪೆಹನೂಂಗಿ. ಆಪರೇಷನ್ ಆದ್ರೆ ಆಗ್ಲಿ" ಎಂದಳು ಮಗಳು. ಅವಳಪ್ಪ ಸೈಕಲ್ಲಿನ ಆಸೆ ತೋರಿಸಿದರು. ಅತ್ತೆ ಉಡುಪಿಯ ಕೃಷ್ಣನಿಗೆ ಹರಕೆ ಹೊತ್ತರು. ನಾನು ಬೇಡಿಕೊಂಡೆ, ಬಾತ್‌ರೂಮಿನ ನಲ್ಲಿ ಬಿಟ್ಟುಕೊಂಡು ಬಿಕ್ಕಿದೆ. ಚಿಕ್ಕಮಾವ ಮಾತ್ರ ಆ ಭಾನುವಾರ ಸೇತುವೆಗೆ ಹೋಗಲಿಲ್ಲ. ಅವರು ಸೇತುವೆ ತಪ್ಪಿಸಿದ್ದನ್ನು ಈ ಮನೆ ಕಂಡದ್ದು ಅದೇ ಮೊದಲು.

ಸೋಮವಾರ ಬೆಳಿಗ್ಗೆ ಕೋಣೆಯಿಂದ ಹೊರಗೆ ಬಂದವರನ್ನು ನೋಡಿ ನನ್ನ ಕೈಯಲ್ಲಿದ್ದ ದೋಸೆ ಸೌಟು ಹಾಗೇ ನಿಂತಿತು. ಇಸ್ತ್ರಿ ಮಾಡಿದ ಬಿಳಿ ಶರ್ಟು. ಅದರ ಮೇಲೆ, ಎಲ್ಲರಿಗೂ ಕಾಣುವ ಹಾಗೆ, ಮೆಡಿಕಲ್ ಅಂಗಡಿಯ ಅಗಲವಾದ ಸೊಂಟದ ಬೆಲ್ಟು. ಹಿಂದೆ ಪಟ್ಟಿಗಳು ನೆಟ್ಟಗೆ ನಿಂತಿದ್ದವು.

"ಸೊಂಟ ನೋವಾ?" ಅತ್ತೆ ಗಾಬರಿಯಾದರು.

"ಇಲ್ಲ. ಬೆನ್ನ ರೆಕ್ಕೆ. ಪುಟ್ಟೀ, ನೀನು ಹಾಕಿಕೊಂಡಷ್ಟು ದಿನ ನಾನೂ ಹಾಕಿಕೊಳ್ತೇನೆ. ನೀನು ಬಿಚ್ಚಿದರೆ ನಾನೂ ಬಿಚ್ಚುವುದು. ನಾನು ಮೊದಲು ಬಿಚ್ಚಿದರೆ ನೀನು ಗೆದ್ದೆ. ಒಪ್ಪಿಗೆಯಾ?"

ಮಗಳು ಅವರನ್ನು ಮೇಲಿಂದ ಕೆಳಗೆ ನೋಡಿದಳು. "ಸಣ್ಣಜ್ಜ, ಎರಡು ದಿನದಲ್ಲಿ ನೀವೇ ಬಿಚ್ತೀರ" ಎಂದು ಕವಚ ತೊಡಲು ಹೋದಳು. ಸೋಲಿಸುವ ಹಠ.

ವ್ಯಾನಿನ ಹತ್ತಿರ ಮಕ್ಕಳೆಲ್ಲ ಕಿಟಕಿಗೆ ಬಂದರು. "ಅಂಕಲ್, ಆಪ್ ಕೋ ಕ್ಯಾ ಹುವಾ?" ಚಿಕ್ಕಮಾವ ತಮ್ಮ ಸ್ವಂತದ ಹಿಂದಿಯಲ್ಲಿ ವಿವರಿಸಿದರು. ಶಾರ್ಕನ್ನು ಮುಂದೆ ತಳ್ಳುವುದು ಬಾಲ. ಬೆನ್ನ ರೆಕ್ಕೆ ಇರುವುದು ಮಗುಚಿ ಬೀಳದೆ ಇರುವುದಕ್ಕೆ. "ಮಾರೋ, ಟಕ್ ಟಕ್ ಮಾರೋ" ಎಂದು ತಮ್ಮ ಬೆನ್ನನ್ನೇ ಕೊಟ್ಟರು. ಬಡಿದರೆ ಸದ್ದೇ ಇಲ್ಲ. "ದೇಖಾ? ಮೇರಾ ಖಾಲಿ ಕಪಡಾ. ಅಸಲೀ ಫಿನ್ ಇಸ್ ಕಾ ಹೈ" ಎಂದು, ತಮ್ಮದು ಬರೀ ಬಟ್ಟೆ, ನಿಜವಾದ ರೆಕ್ಕೆ ಇವಳದ್ದೇ ಎಂದು ಸಾರಿದರು. ಆ ವಾರ ಮುಗಿಯುವುದರೊಳಗೆ ಮಗಳಿಗೆ ಶಾರ್ಕ್ ಎಂದು ಹೆಸರಾಯಿತು. ಆ ಹೆಸರು ಅವಳಿಗೆ ಎಷ್ಟು ಹಿಡಿಸಿತೆಂದರೆ ಕಂಪಾಸ್ ಬಾಕ್ಸಿನ ಮೇಲೂ ಕೊರೆದುಕೊಂಡಳು.

ಆದರೆ ಹಠ ಬಿಟ್ಟಳೇ? ಚಿಕ್ಕಮಾವ ಎಲ್ಲಾದರೂ ಬೆಲ್ಟು ಬಿಚ್ಚಿ ಸಿಕ್ಕಿಬೀಳುತ್ತಾರೋ ಎಂದು ಕಾದೇ ಇದ್ದಳು. ಅವರು ಸಿಕ್ಕಲಿಲ್ಲ. ಬ್ಯಾಂಕಿಗೆ ಬೆಲ್ಟು, ಭಜನೆಗೆ ಬೆಲ್ಟು. ಘೋಡಬಂದರ್ ರಸ್ತೆಯ ಒಂದು ಮದುವೆಗೆ ರೇಷ್ಮೆ ಜುಬ್ಬದ ಮೇಲೆ ಬೆಲ್ಟು ಬಿಗಿದುಕೊಂಡು ಬಂದರು. "ಜನ ಎಂತ ಹೇಳಿಯಾರು?" ಎಂದು ಅತ್ತೆ ಪೇಚಾಡಿದರು. ಜನ ಏನೂ ಹೇಳಲಿಲ್ಲ. ಅಡುಗೆಯ ಕಂಟ್ರಾಕ್ಟರು ಮಾತ್ರ, ಭಾರ ಎತ್ತಲು ಬಂದ ಆಳೆಂದು ತಿಳಿದು, "ಬೇಗ ಬನ್ನಿ ಮಾರಾಯ್ರೆ, ಸಾಂಬಾರಿನ ಹಂಡೆ ಹಿಡೀರಿ" ಎಂದು ಒಳಗೆ ಕರೆದೊಯ್ದರು. ವರನ ಕಡೆಯ ಹಿರಿಯರೆಂದು ಆಸನದಲ್ಲಿ ಕೂರಬೇಕಿದ್ದ ಚಿಕ್ಕಮಾವ ಹಂಡೆ ಹಿಡಿದೇ ಹೊರಗೆ ಬಂದರು. "ಬೆಲ್ಟು ಇದ್ದದ್ದು ಒಳ್ಳೇದಾಯ್ತು" ಎಂದರು.

ಬೇಸಿಗೆಗಳು ಬಂದು ಹೋದವು. ನವಿ ಮುಂಬಯಿಯ ಮೇ ತಿಂಗಳು ನಿಮಗೆ ಗೊತ್ತಿಲ್ಲದಿದ್ದರೆ, ಇಡ್ಲಿ ಪಾತ್ರೆಯೊಳಗೆ ಕುಳಿತದ್ದನ್ನು ಕಲ್ಪಿಸಿಕೊಳ್ಳಿ. ಬಟ್ಟೆ ಒಗೆಯುವವಳು ನಾನಲ್ಲವೇ, ಅವರ ಬನಿಯನ್ನುಗಳು ಬೆಲ್ಟು ಕೂರುವ ಜಾಗದಲ್ಲೇ ಸವೆಯುವುದು ನನ್ನ ಕಣ್ಣಿಗೆ ಬೀಳುತ್ತಿತ್ತು. "ಮನೆಯೊಳಗಾದರೂ ಬಿಚ್ಚಿ ಚಿಕ್ಕಮಾವ, ಅವಳು ಸ್ಕೂಲಿಗೆ ಹೋಗಿದ್ದಾಳೆ" ಎಂದೆ ಒಮ್ಮೆ. "ಅವಳು ಅಲ್ಲಿ ಬಿಚ್ಚಿರುವುದಿಲ್ಲವಲ್ಲ" ಎಂದು ಪೇಪರು ಮಡಿಸಿ ಗಾಳಿ ಹಾಕಿಕೊಂಡರು.

ಕೊನೆಗೆ ಆ ದಿನ ಬಂತು. ಡಾಕ್ಟರು ಹೊಸ ಎಕ್ಸ್-ರೇ ನೋಡಿ, ಬಾಗು ನಿಂತಿದೆ, ಆಪರೇಷನ್ ಬೇಡ, ಇನ್ನು ಕವಚವೂ ಬೇಡ ಎಂದರು. ಮಗಳು ಚಪ್ಪಲಿಯನ್ನೂ ಬಿಚ್ಚದೆ ಮನೆಯೊಳಗೆ ಓಡಿದಳು. "ಸಣ್ಣಜ್ಜ, ಮ್ಯಾಚ್ ಡ್ರಾ. ಈಗ ನೀವೂ ತೆಗೀರಿ."

ಅವರು ಬೆಲ್ಟು ತೆಗೆದರು. ಶರ್ಟು ಬೆನ್ನಿಗೆ ಅಂಟಿತ್ತು. ಅವಳೇ ಅದನ್ನು ನಿಧಾನವಾಗಿ ಬಿಡಿಸಿದಳು. ಬೆನ್ನುಮೂಳೆಯ ಉದ್ದಕ್ಕೂ, ಪಟ್ಟಿ ಒತ್ತಿದ ಜಾಗದಲ್ಲೆಲ್ಲ, ಸಾಲಾಗಿ ಬೆವರುಗುಳ್ಳೆಗಳು. ನಾನು ತೆಂಗಿನೆಣ್ಣೆಯ ಬಟ್ಟಲು ತಂದೆ. ಅವಳು ನನ್ನ ಕೈಯಿಂದ ಕಸಿದುಕೊಂಡು ಬೆರಳು ಅದ್ದಿದಳು.

"ಉರೀತದಾ?"

"ಇಲ್ಲ. ತಂಪುಂಟು."

ಒಂದೊಂದೇ ಗುಳ್ಳೆಗೆ ಎಣ್ಣೆ ಹಚ್ಚಿದಳು. ಆಮೇಲೆ ಅವರ ಬೆನ್ನಿಗೆ ಕೆನ್ನೆ ಇಟ್ಟು, ನಮಗೆಲ್ಲ ಊಟದ ಹೊತ್ತಿಗೆ ಕೇಳಿ ಬಾಯಿಪಾಠವಾಗಿದ್ದನ್ನೇ ಹೇಳಿದಳು.

"ಸಣ್ಣಜ್ಜ, ಆ ರೆಕ್ಕೆ ಇಲ್ಲದ್ದು ಸಿಕ್ತು. ನೀವು ಹೇಳಿದ್ದು ಸರಿ, ಬಹಳ ಹತ್ತಿರ ಬರಬೇಕು."

ಯಾರ ಮುಖವನ್ನೂ ನೋಡದ ನಮ್ಮ ಚಿಕ್ಕಮಾವ ಅಂದು ತಮ್ಮ ಮುಖವನ್ನೂ ಯಾರಿಗೂ ತೋರಿಸಲಿಲ್ಲ. ಗೋಡೆಯ ಕಡೆಗೆ ತಿರುಗಿಯೇ ಕುಳಿತಿದ್ದರು. ನನಗೆ ಕಂಡದ್ದು ಬೆನ್ನು ಮಾತ್ರ. ಅದು ಏಳುತ್ತಿತ್ತು, ಇಳಿಯುತ್ತಿತ್ತು, ಮತ್ತೆ ಏಳುತ್ತಿತ್ತು.