ಚನ್ನಪಟ್ಟಣಕ್ಕೆ ಅರಬ್ಬಿ ಬಂದದ್ದು

ನಾನು ಚನ್ನಪಟ್ಟಣದಲ್ಲಿ ಕನ್ನಡ ಮೇಷ್ಟ್ರು. ಮನೆಯಲ್ಲಿ ಮಾತಾಡುವುದು ತೆಲುಗು. ಎಡಗಡೆ ಮನೆಯವರದು ತಮಿಳು, ಬಲಗಡೆಯವರದು ಹಿಂದೂಸ್ತಾನಿ, ಎದುರಿನ ದರ್ಜಿಯದು ಮರಾಠಿ. ಮಹಾರಾಜರು ಒಬ್ಬರೇ, ಪ್ರಜೆಗಳ ನಾಲಗೆ ಮಾತ್ರ ಹತ್ತು ಥರ. ಇಂಥ ಬೀದಿಯಲ್ಲಿ ನಗುವುದಕ್ಕೆ ನಾಟಕದ ಕಂಪನಿ ಬರಬೇಕಾಗಿಲ್ಲ.

ಬಾವಿಕಟ್ಟೆಯ ಪಾಠ

ಎಡಗಡೆ ಮನೆಯಾಕೆ ಮದುವೆಯಾಗಿ ಬಂದು ವರ್ಷಗಳಾದರೂ ಕನ್ನಡ ಕಲಿತಿರಲಿಲ್ಲ. ಗಂಡ ಗೋಗರೆದ, ನಾನೇ ಹೋಗಿ ಅಕ್ಷರಮಾಲೆ ಬರೆದುಕೊಟ್ಟೆ. ಏನೂ ಆಗಲಿಲ್ಲ. ಒಂದು ದಿನ ಬಾವಿಯ ಹತ್ತಿರ ಇವಳಿಗೂ ಬಲಗಡೆ ಮನೆಯಾಕೆಗೂ ಸರದಿಯ ಜಗಳ ಹತ್ತಿಕೊಂಡಿತು. ಇವಳು ತಮಿಳಿನಲ್ಲಿ ಬೈದಳು, ಅವಳು ಹಿಂದೂಸ್ತಾನಿಯಲ್ಲಿ ಬೈದಳು. ಒಬ್ಬರದು ಒಬ್ಬರಿಗೆ ತಿಳಿಯದೆ ಅಷ್ಟು ಒಳ್ಳೊಳ್ಳೆಯ ಬೈಗುಳವೆಲ್ಲ ದಂಡವಾಯಿತು. ಆ ಸಂಕಟ ತಡೆಯಲಾರದೆ ಇಬ್ಬರೂ ಹಟ ಹಿಡಿದು ಕನ್ನಡ ಕಲಿತರು. ತಿಂಗಳೊಳಗೆ ಜಗಳ ಅಚ್ಚಕನ್ನಡದಲ್ಲಿ ನಡೆಯಿತು.

ಎಡಗಡೆ ಮನೆಯಾಕೆಯ ಗಂಡ ಬಂದು ಕೈಮುಗಿದು, "ನಿಮ್ ಪಾಠ ಫಲ ಕೊಡ್ತು ಮೇಷ್ಟ್ರೇ" ಎಂದ. ನಾನು ಅಲ್ಲವೆನ್ನಲಿಲ್ಲ.

ಮಗನ ಕೂಸು

ಮಸೀದಿಯ ಮೌಲ್ವಿಗಳು ನನ್ನ ಸ್ನೇಹಿತರು. ಸಂಜೆ ನಮಾಜು ಮುಗಿಸಿ ಅವರು ಹೊರಬರುವ ಹೊತ್ತಿಗೆ, ದೃಷ್ಟಿಯಾದ ಮಕ್ಕಳನ್ನು ಎತ್ತಿಕೊಂಡು ಎಲ್ಲ ಜಾತಿಯ ಹೆಂಗಸರೂ ಬಾಗಿಲಲ್ಲಿ ನಿಂತಿರುತ್ತಾರೆ. ಅವರು ಅರಬ್ಬಿಯಲ್ಲಿ ಓದಿ ನೆತ್ತಿಯ ಮೇಲೆ ಊದಿದರೆ ಮಗು ಅಳು ನಿಲ್ಲಿಸುತ್ತದೆಂದು ನಂಬಿಕೆ. ಒಮ್ಮೆ ಬೈರಾಪಟ್ಟಣದ ಅಜ್ಜಿಯೊಬ್ಬಳು ಊದಿಸಿಕೊಂಡ ಮೇಲೂ ಕದಲಲಿಲ್ಲ.

"ಸಾಮಿ, ಹೋದ್ಸಲ ಮಗಳ ಕೂಸ್ಗೆ ಇಷ್ಟುದ್ದ ಓದಿದ್ರಿ. ಇದು ಮಗನ ಕೂಸು, ಒಸೀನೇ ಓದ್ಬುಟ್ರಲ್ಲಾ?"

"ಅಜ್ಜೀ, ಇದು ಚಿಕ್ಕದಾದ್ರೂ ಅದಕ್ಕಿಂತ ಬಲ ಜಾಸ್ತಿ" ಎಂದರು ಮೌಲ್ವಿಗಳು.

"ಹಂಗಾರೆ ಇದ್ನೇ ಇನ್ನೊಂದ್ಸಲ ಓದ್ಬುಡಿ. ಮಗಳ ಕೂಸ್ಗೂ ಆಯ್ತದೆ!"

ಕುದುರೆ ವ್ಯಾಪಾರಿ

ಮೌಲ್ವಿಗಳಿಗೆ ಇದ್ದದ್ದು ಒಂದೇ ಆಸೆ: ಮಸೀದಿಯ ಜಗಲಿಯಲ್ಲಿ ಅರಬ್ಬಿ ಪಾಠಶಾಲೆ ನಡೆಸಬೇಕು. ಗೊಂಬೆ ಕಡೆಯುವವರು ಮಕ್ಕಳನ್ನು ಕೆಲಸ ಬಿಡಿಸಿ ಕಳಿಸಲು ಒಪ್ಪಲಿಲ್ಲ. "ಕಲ್ತು ಯಾರ ಜೊತೆ ಮಾತಾಡ್ಬೇಕು? ನಿಮಗಾದ್ರೂ ಮಾತಾಡೋಕೆ ಬತ್ತದಾ?" ಎಂದು ಎದುರಿಗೇ ಕೇಳಿದರು. ಮೌಲ್ವಿಗಳು ಸಪ್ಪಗೆ ನನ್ನ ಮನೆಗೆ ಬಂದರು.

"ಓದ್ತೀನಿ ಮೇಷ್ಟ್ರೇ, ಅರ್ಥಾನೂ ಹೇಳ್ತೀನಿ. ಆದ್ರೆ ಒಂದು ಲೋಟ ನೀರು ಕೇಳೋಕೆ ಬರಲ್ಲ. ಮಾತಾಡಿ ಕಲಿಯೋಣ ಅಂದ್ರೆ ಇಲ್ಲಿ ಅರಬ್ಬರು ಎಲ್ಲವ್ರೆ?"

ಆ ವಾರವೇ ಒಬ್ಬ ಬಂದ. ಮೈಸೂರಿಗೆ ಕುದುರೆ ಹೊಡೆದುಕೊಂಡು ಹೋಗುತ್ತಿದ್ದ ಅರಬ್ಬಿ ವ್ಯಾಪಾರಿ. ಒಂದು ಕುದುರೆಯ ಲಾಳ ಕಳಚಿ ನಮ್ಮ ಪೇಟೆಯಲ್ಲಿ ನಿಂತ. ಆ ಉದ್ದನೆ ನಿಲುವಂಗಿ ನೋಡಲು ಊರಿಗೆ ಊರೇ ಸೇರಿತು. ಮಾತಾಡಿಸುವ ಧೈರ್ಯ ಯಾರಿಗೂ ಇಲ್ಲ. "ಮೌಲ್ವಿಗಳ್ನ ಕರ್ಕಂಬರ್ರಲಾ!" ಎಂದು ಗೊಂಬೆಯವರೇ ಓಡಿದರು.

ಮೌಲ್ವಿಗಳ ಮುಖ ಬಿಳಿಚಿತ್ತು. ನನ್ನ ತೋಳು ಹಿಡಿದುಕೊಂಡೇ ಮುಂದೆ ಹೋಗಿ ಸಲಾಮು ಹೇಳಿದರು. ಆತ ತಿರುಗಿ ಸಲಾಮು ಹೇಳಿ, ಗಡಗಡನೆ ಅರಬ್ಬಿ ಸುರಿಸಿದ. ಇವರು ಕಣ್ಣುಕಣ್ಣು ಬಿಟ್ಟರು. ಪಾಠಶಾಲೆಯ ಕಥೆ ಮುಗಿಯಿತೆಂದುಕೊಂಡೆ.

ಆತ ಇವರ ಮುಖ ನೋಡಿದ, ಸುತ್ತಲಿನ ಜನರನ್ನು ನೋಡಿದ. ಅಪ್ಪಿಕೊಳ್ಳುವವನಂತೆ ಬಾಗಿ ಕಿವಿಯಲ್ಲಿ, "ಹೆದರಬೇಡಿ ಸಾಹೇಬ್ರೇ. ಬೆಂಗಳೂರು ದಂಡಿನಲ್ಲಿ ಕುದುರೆ ಮಾರಿ ಮಾರಿ ನನಗೆ ಕನ್ನಡ ಬರ್ತದೆ. ಲಾಳ ಹೊಡೆಯೋರು ಬೇಕು, ಒಸಿ ಹುರುಳಿ ಬೇಕು" ಎಂದ.

ಮೌಲ್ವಿಗಳಿಗೆ ಹೋದ ಜೀವ ಬಂತು. ಜನರತ್ತ ತಿರುಗಿ, "ಲಾಳ ಹೊಡೆಯೋರ್ನ ಕೇಳ್ತಾವ್ರೆ! ಕುದುರೆಗೆ ಹುರುಳಿ ಬೇಕಂತೆ!" ಎಂದು ಸಾರಿದರು. ಜನ ಬೆರಗಾದರು. ಆತ ಗಟ್ಟಿಯಾಗಿ ಅರಬ್ಬಿ ಆಡುವುದು, ಬಾಗಿ ಕನ್ನಡದಲ್ಲಿ ಪಿಸುಗುಟ್ಟುವುದು, ಇವರು ಸಾರುವುದು, ಹೀಗೇ ನಡೆಯಿತು. ಹೊರಡುವಾಗ ಆತ, "ಇಂಥ ಅರಬ್ಬಿ ನಾನು ಎಲ್ಲೂ ಕೇಳಿಲ್ಲ ಅಂದೆ ಅಂತ ಹೇಳಿ" ಎಂದ. ಮೌಲ್ವಿಗಳು ನಾಚಿಕೊಂಡೇ ಅದನ್ನೂ ಸಾರಿದರು.

ಮರುದಿನ ಜಗಲಿಯ ತುಂಬ ಮಕ್ಕಳು. ನನಗಂತೂ ಹಿಡಿಸಲಾರದ ಸಂತೋಷ. ಅಷ್ಟರಲ್ಲಿ ಗೌಡನೊಬ್ಬ ತನ್ನ ಮಗನನ್ನೂ ಎಳೆದುಕೊಂಡು ಬಂದ.

"ನಮ್ ಹೈದನ್ನೂ ಸೇರಿಸ್ಕಳಿ ಸಾಮಿ. ಅರಬ್ಬಿ ಕಷ್ಟ ಅಂತ ಜನ ಸುಮ್ಕೆ ಹೆದರುಸ್ತಾರೆ. ನೆನ್ನೆ ನಾನು ನಿಮ್ ಬೆನ್ನ ಹಿಂದೇನೇ ನಿಂತಿದ್ದೆ. ಆವಯ್ಯ ಜೋರಾಗಿ ಆಡಿದ್ದು ತಿಳೀನಿಲ್ಲ, ದಿಟ. ಮೆತ್ತಗೆ ಆಡಿದ್ದೆಲ್ಲ ನಂಗೂ ಅರ್ಥ ಆಯ್ತು!"