ಮೂಕಿ ಸಿನಿಮಾ, ನಮ್ಮಕ್ಕನ ಮೌನ

ನಮ್ಮೂರಲ್ಲಿ ಒಬ್ಬರು ಸುಮ್ಮನಿದ್ದರೆ ಅವರ ಪರವಾಗಿ ಇನ್ನೊಬ್ಬರು ಮಾತಾಡದೆ ಬಿಡಲ್ಲ. ಹಾಗಾಗಿ ಇಂಥವು ಆಗ್ತಾನೇ ಇರ್ತವೆ.

ಸ್ಪೀಕರ್ ರಿಪೇರಿ

ಶಿಡ್ಲಘಟ್ಟದ ಹತ್ತಿರ ನಮ್ಮೂರು. ಒಂದು ಸಂಜೆ ಸ್ಕೂಲ್ ಮೇಷ್ಟ್ರು ಗೋಡೆಗೆ ಬಿಳಿ ಪಂಚೆ ಕಟ್ಟಿ ಹಳೇ ಕಾಲದ ಮೂಕಿ ಸಿನಿಮಾ ಹಾಕಿದರು. ಹೆಂಗಸೊಬ್ಬಳು ಹಸೆಮಣೆಯಿಂದ ಎದ್ದು ಹೋಗುವ ಕತೆ. ಶುರುವಾಗಿದ್ದೇ ತಡ, ಪಕ್ಕದ್ಮನೆ ತಾತ ಎದ್ದು ಸ್ಪೀಕರಿನ ವೈರೆಲ್ಲ ಕಿತ್ತು ಮತ್ತೆ ಚುಚ್ಚಿದರು. ಆಮೇಲೆ ಅದರ ತಲೆಗೆ ಎರಡು ಕೊಟ್ಟರು.

“ತಾತ, ಆ ಕಾಲದ ಸಿನಿಮಾಗೆ ಮಾತೇ ಇರಲಿಲ್ಲ” ಅಂದರು ಮೇಷ್ಟ್ರು.

ತಾತನ ಹೆಂಡತಿ ಕೇಳಿದರು: “ಬೀಗರೂ ಮಾತಾಡ್ತಿರಲಿಲ್ವಾ? ಮತ್ತೆ ಮದುವೆ ಮುರಿದಿದ್ದು ಹೆಂಗಪ್ಪ?”

ನನ್ನ ಡಬ್ಬಿಂಗ್

ಜನ ಎದ್ದು ಹೋಗ್ತಾರಲ್ಲ ಅಂತ ನಾನೇ ಮಾತು ಕೊಡೋಕೆ ಶುರು ಮಾಡಿದೆ. ಸಿನಿಮಾದ ಅತ್ತೆಗೆ ತೆಲುಗು, ಮಾವನಿಗೆ ಬರೀ ಕೆಮ್ಮು. ನಾಯಕಿ ಹಾರ ಕಿತ್ತು ಎಸೆದಾಗ “ಛತ್ರದ ಸಾರಿಗೆ ಉಪ್ಪೇ ಇಲ್ಲ, ನಾ ಹೊರಟೆ” ಅಂದೆ. ಎಲ್ಲರೂ ನಕ್ಕರು, ದೊಡ್ಡಪ್ಪನ ಮಗಳು ನಮ್ಮಕ್ಕ ಒಬ್ಬಳನ್ನು ಬಿಟ್ಟು. ಊರಿನ ರೇಷ್ಮೆಗೂಡನ್ನೆಲ್ಲ ಟೆಂಪೋದಲ್ಲಿ ಮಾರ್ಕೆಟ್‌ಗೆ ಸಾಗಿಸೋಳು ಅವಳೇ. ಮದುವೆ ಮಾಡ್ಕೊಂಡು ಸ್ಟೇರಿಂಗ್ ಬಿಡು ಅಂತ ಮನೆಯವರ ಹಠ, ಬಿಡಲ್ಲ ಅಂತ ಅವಳ ಹಠ.

ನನ್ನ ಕಿವಿ ಹಿಂಡಿ, “ಬಾಯಿ ಮುಚ್ಚಪ್ಪ. ಅವಳು ಹೆಂಗೆ ಎದ್ದು ಹೋಗ್ತಾಳೆ ಅಂತ ನೋಡೋಕೆ ಬಿಡು” ಅಂದಳು. ನಾನೂ ನೋಡಿದೆ. ಉಪ್ಪಿನ ವಿಷಯ ಅಲ್ಲ ಅಂತ ಆಗ ಗೊತ್ತಾಯ್ತು.

ಹೆಣ್ಣು ನೋಡೋ ಶಾಸ್ತ್ರ

ಅದೇ ವಾರ ಚಿಂತಾಮಣಿ ಕಡೆಯಿಂದ ಗಂಡಿನವರು ಬಂದರು, ಬೆಳಗ್ಗೆ, ರಾಹುಕಾಲಕ್ಕೆ ಮುಂಚೆ. “ಒಂದು ಮಾತೂ ಆಡಲ್ಲ ಕಣೋ. ಬೇಜಾರಾಗಿ ಅವರೇ ಎದ್ದೋಗ್ತಾರೆ” ಅಂತ ಅಕ್ಕ ನನಗೆ ಮೊದಲೇ ಹೇಳಿದ್ದಳು.

“ಅಡುಗೆ ಬರ್ತದೇನಮ್ಮ?” ಗಂಡಿನ ತಾಯಿ ಕೇಳಿದರು. ಮೌನ.

“ಹಾಡು?” ಮೌನ.

“ಇನ್ಮೇಲೆ ಗಾಡಿಗೀಡಿ ಓಡ್ಸಂಗಿಲ್ಲ, ಆಯ್ತಾ?” ಅಕ್ಕ ಗೋಡೆ ನೋಡಿದಳು.

ಆಯಮ್ಮನ ಕಣ್ಣಲ್ಲಿ ನೀರೇ ಬಂತು. “ಇಂಥ ಸೊಸೆಗೇ ಊರೂರು ತಿರುಗಿದ್ವಿ. ಎದುರು ಮಾತೇ ಇಲ್ಲ ನೋಡಿ. ತಟ್ಟೆ ತನ್ನಿ, ಈಗಲೇ ತಾಂಬೂಲ ಬದಲಾಯಿಸಿಬಿಡಣ.”

ದೊಡ್ಡಮ್ಮ ತಟ್ಟೆ ತರೋಕೆ ಒಳಗೆ ಓಡಿದರು. ಅಕ್ಕ ಎದ್ದಳು. ಮೊಳೆಯಲ್ಲಿದ್ದ ಟೆಂಪೋ ಕೀ ತಗೊಂಡು, ಥೇಟ್ ಸಿನಿಮಾದವಳ ಹಾಗೆ, ಯಾರನ್ನೂ ನೋಡದೆ ಹೊರಟೇಬಿಟ್ಟಳು. ನನಗೆ ಮೈ ಜುಂ ಅಂತು. ಅಷ್ಟರಲ್ಲಿ ವಾಪಸ್ ಬಂದು ಬಾಗಿಲಲ್ಲಿ ನಿಂತಳು.

“ನಿಮ್ಮ ಕಾರು ಟೆಂಪೋಗೆ ಅಡ್ಡ ನಿಂತಿದೆ, ಸ್ವಲ್ಪ ತೆಗೀರಿ. ಮಾರ್ಕೆಟ್‌ಗೆ ಹೊತ್ತಾಯ್ತು.”

ತೆಗೆದರು. ತೆಗೆದ ಕಾರು ಚಿಂತಾಮಣಿಗೆ ಹೋಗಿಯೇ ನಿಂತಿತಂತೆ.