ಜಗಲಿಗೆ ಬಂದ ಬೆಂಚು

ಓದಿದ ಶಾಲೆಯನ್ನು ಜನ ಎದೆಯಲ್ಲಿಟ್ಟುಕೊಳ್ಳುತ್ತಾರಂತೆ. ನನ್ನ ಎದೆಯಲ್ಲಿ ಅಷ್ಟು ಜಾಗವಿಲ್ಲದ್ದರಿಂದ ನಾನು ಜಗಲಿಯಲ್ಲಿಟ್ಟುಕೊಂಡಿದ್ದೇನೆ. ಇಡೀ ಶಾಲೆಯನ್ನಲ್ಲ, ಅದರ ಒಂದು ಬೆಂಚನ್ನು. ಅದಕ್ಕೆ ಒಂದು ಕಾಲು ಗಿಡ್ಡ. ಕೂತ ನೆಂಟರನ್ನು ಅದು ತೊಟ್ಟಿಲಿನಂತೆ ತೂಗುವುದರಿಂದ ಕಾಫಿ ಮೊದಲು ಪಂಚೆಗೆ, ಉಳಿದರೆ ಬಾಯಿಗೆ. ನಿನ್ನೆ ಹೆಂಡತಿ ಕೊಡಲಿ ಸಮೇತ ಬಂದಳು. "ಇದನ್ನು ಎಂತಕ್ಕೆ ತಂದದ್ದು ನೀವು? ಒಡೆದು ಬಚ್ಚಲೊಲೆಗೆ ಹಾಕಿದ್ರೆ ಒಂದು ವಾರದ ಬಿಸಿನೀರಿಗೆ ಆಗ್ತದೆ."

ಅವಳಿಗೆ ಆ ಬೆಂಚಿನ ಚರಿತ್ರೆ ಗೊತ್ತಿಲ್ಲ. ಜೆಪ್ಪಿನ ನಮ್ಮ ಹೈಸ್ಕೂಲು ಶುರುವಾದದ್ದು ಹಂಚಿನ ಕಾರ್ಖಾನೆಯವರು ಬಿಟ್ಟುಕೊಟ್ಟ ಗೋದಾಮಿನಲ್ಲಿ. ಶಾಲೆಗೆ ಗಂಟೆಯೂ ಬೇಕಿರಲಿಲ್ಲ. ಕಾರ್ಖಾನೆಯ ಕೂಗು ಕೇಳಿದರೆ ಕೂಲಿಯಾಳುಗಳ ಜೊತೆ ನಮಗೂ ಊಟದ ಹೊತ್ತು. ಅರ್ಧ ಮಕ್ಕಳು ತೊಕ್ಕೊಟ್ಟಿನ ಕಡೆಯಿಂದ ನೇತ್ರಾವತಿ ದಾಟಿ ಬರುವವರು. ಅವರು ತಡವಾಗಿ ಬಂದು "ದೋಣಿ ಬರ್ಲಿಲ್ಲ ಸಾರ್" ಎಂದರೆ ಸಾಕು, ಲೆಕ್ಕದ ಮಾಸ್ತರರು ಮರುಮಾತಿಲ್ಲದೆ ಒಳಗೆ ಬಿಡುತ್ತಿದ್ದರು. ಆ ಮಂತ್ರದ ಶಕ್ತಿಗೆ ಬೆರಗಾಗಿ ಒಂದು ದಿನ ನಾನೂ ಅದನ್ನೇ ಜಪಿಸಿದೆ. ನಮ್ಮ ಮನೆಯೋ, ಈಗಲೂ ಇರುವ ಇದೇ ಮನೆ, ಶಾಲೆಯ ಬೇಲಿಗೆ ತಾಗಿಕೊಂಡೇ ಇತ್ತು. ಮಾಸ್ತರರು ಕಿಟಕಿಯಿಂದ ಮನೆಯನ್ನೊಮ್ಮೆ ನೋಡಿದರು, ನನ್ನನ್ನೊಮ್ಮೆ ನೋಡಿದರು. "ಹಾಗಾದ್ರೆ ಬೆಂಚಿನ ಮೇಲೆ ಹತ್ತಿ ನಿಲ್ಲು. ದೋಣಿ ಕಂಡ ಕೂಡಲೇ ಹೇಳು" ಎಂದರು. ಶಾಲೆ ಬಿಡುವವರೆಗೂ ನನ್ನ ಹೆಸರು ದೋಣಿ ಎಂದೇ ಆಯಿತು.

ಈಗ ನಡೆದಿರುವ ಈ ಮಹಾಯುದ್ಧ ಬಂದು ಶಾಲೆ ಮುಚ್ಚಿತು. ಕಟ್ಟಡಕ್ಕೆ ರೇಶನ್ ಅಕ್ಕಿ ತುಂಬಿಸಿದರು. ಗೋದಾಮಾಗಿ ಹುಟ್ಟಿದ್ದು ಗೋದಾಮೇ ಆಯಿತು. ನಡುವೆ ಸ್ವಲ್ಪ ಕಾಲ ನಾವು ದಾಸ್ತಾನಿದ್ದೆವು, ಅಷ್ಟೆ. ಮಕ್ಕಳು ಬೇರೆ ಶಾಲೆಗಳಿಗೆ ಹೋದರು. ಮಾಸ್ತರರಿಗೆ ಹೋಗಲು ಬೇರೆ ಶಾಲೆ ಇರಲಿಲ್ಲ. ಕೋಟು, ರುಮಾಲು, ಕೊಡೆಯೊಂದಿಗೆ ಅವರು ದಿನಾ ಬೆಳಿಗ್ಗೆ ಹಳೆಯ ಹೊತ್ತಿಗೇ ಅಕ್ಕಿಮೂಟೆಗಳ ಬಾಗಿಲವರೆಗೆ ಬಂದು ಹಿಂದೆ ಹೋಗುತ್ತಿದ್ದರು. ನೋಡಿದಾಗಲೆಲ್ಲ ನಾನು ಬೇಲಿಯಾಚೆಯಿಂದ ಕರೆಯುತ್ತಿದ್ದೆ. ಕರೆದರೂ ಮನೆಗೆ ಬಂದವರಲ್ಲ. ಶಾಲೆಯ ಸಾಮಾನಿನ ಏಲಂನಲ್ಲಿ ನಾನು ಅದೇ ಬೆಂಚನ್ನು ಸವಾಲು ಕೂಗಿ ಹಿಡಿದದ್ದು, ಎಂದಾದರೂ ಒಂದು ದಿನ ಅವರು ಇದನ್ನು ಕಂಡು ಒಳಗೆ ಬಂದಾರೆಂಬ ಆಸೆಯಿಂದ. ಇದನ್ನು ಹೆಂಡತಿಗೆ ಹೇಳಲು ನಾಚಿಕೆಯಾಗಿ, ಮರ ಒಳ್ಳೆಯದುಂಟು ಎಂದಿದ್ದೆ.

"ಒಡೆಯುವ ಮೊದಲು ಹತ್ತಿ, ಜಂತಿಗೆ ಕಟ್ಟಿದ ಸೌತೆಕಾಯಿ ಒಂದು ಬಿಚ್ಚಿ ಕೊಡಿ. ಮಧ್ಯಾಹ್ನ ಹುಳಿಗೆ ಬೇಕು" ಎಂದಳು ಅವಳು. ನಾನು ಬೆಂಚು ಹತ್ತಿ, ಸೌತೆಕಾಯಿಯನ್ನು ಮಗುವಿನಂತೆ ತಬ್ಬಿ ತಿರುಗುತ್ತೇನೆ, ಅಂಗಳದ ಬೇಲಿಯ ದಣಪೆಯ ಬಳಿ ಕೊಡೆ ನಿಂತಿದೆ. ಮಾಸ್ತರರು ಬೆಂಚನ್ನೊಮ್ಮೆ ನೋಡಿದರು, ನನ್ನನ್ನೊಮ್ಮೆ ನೋಡಿದರು. ಅಂಗಳ ದಾಟಿ ಜಗಲಿಗೇ ಬಂದರು.

"ಎಂತ ಮಾರಾಯ, ದೋಣಿ ಇನ್ನೂ ಬರ್ಲಿಲ್ವಾ?"

"ಇಲ್ಲ ಸಾರ್" ಎಂದಿತು ನನ್ನ ಬಾಯಿ.

ಮಾಸ್ತರರು ನಕ್ಕರು. ಶಾಲೆ ಮುಚ್ಚಿದ ಮೇಲೆ ಅವರ ನಗು ನಾನು ಕಂಡಿರಲಿಲ್ಲ. ಕೊಡೆ ಮಡಿಸಿ, ಬೆಂಚಿನ ಇನ್ನೊಂದು ತುದಿಯಲ್ಲಿ ಕೂತರು. "ಹಾಗಾದ್ರೆ ನಾನೂ ಕಾಯ್ತೇನೆ. ನನಗೂ ಹೋಗ್ಲಿಕ್ಕೆ ಎಲ್ಲಿ ಉಂಟು?"

ಹೆಂಡತಿ ಕೊಡಲಿಯನ್ನು ಸೆರಗಿನ ಮರೆಯಲ್ಲಿ ಒಳಗೊಯ್ದು, ಕಾಫಿ ತಂದಳು. ಮಾಸ್ತರರು ನಿಧಾನವಾಗಿ, ಒಂದು ಹನಿಯೂ ಚೆಲ್ಲದೆ ಕುಡಿದರು. ಅಷ್ಟು ಹೊತ್ತೂ ನಾನು ಸೌತೆಕಾಯಿ ತಬ್ಬಿಕೊಂಡು ಮೇಲೆಯೇ ನಿಂತಿದ್ದೆ. ಇಳಿದರೆ ಬೆಂಚು ವಾಲೀತೆಂದು ಆಮೇಲೆ ಹೆಂಡತಿಗೆ ಹೇಳಿದೆ. ನಿಜವೆಂದರೆ, ಮಾಸ್ತರರು ಇಳಿ ಎಂದಿರಲಿಲ್ಲ.